ಅಮೇಲಿ ಎಂಬ ಹೆಸರಿನ ಪೂರ್ವಾಪರ

ಮಗುವಿಗೆ ಹೆಸರಿಡುವುದು ಸುಲಭ, ಇಟ್ಟ ಹೆಸರಿಗೆ ಸಮಜಾಯಿಷಿ ಕೊಡುವುದು ಕಷ್ಟ. ದೇವರ ಹೆಸರಿಟ್ಟವನನ್ನು ಯಾರೂ ಏನೂ ಕೇಳುವುದಿಲ್ಲ. ಅಜ್ಜಿಯ ಹೆಸರಿಟ್ಟವನನ್ನು ನಾಲ್ಕು ಜನ ಹೊಗಳುತ್ತಾರೆ. ಆದರೆ ಸುತ್ತಲ ಸೀಮೆಯಲ್ಲಿ ಯಾರೂ ಕೇಳಿರದ ಹೆಸರೊಂದನ್ನು ಇಟ್ಟುನೋಡಿ. ಹಾಲು ಹಾಕುವವಳಿಂದ ಹಿಡಿದು ಬೀಗರವರೆಗೆ ಎಲ್ಲರೂ ನಿಮ್ಮನ್ನು ಕಟಕಟೆಯಲ್ಲಿ ನಿಲ್ಲಿಸಿ 'ಹಂಗಂದ್ರೇನು?' ಎಂದು ಕೇಳುತ್ತಾರೆ. ನಾನು ಎಪ್ಪತ್ತರ ದಶಕದ ನಡುವಿನಲ್ಲಿ, ಹಿರಿಯೂರಿನಂಥ ಊರಿನಲ್ಲಿದ್ದುಕೊಂಡು, ನನ್ನ ಮೊದಲ ಮಗಳಿಗೆ ಅಮೇಲಿ ಎಂದು ಹೆಸರಿಟ್ಟೆ. ಅದು ಫ್ರೆಂಚರ ಹೆಸರು. ಅದರ ಅರ್ಥ ನನಗೂ ಗೊತ್ತಿರಲಿಲ್ಲ. ಕೇಳಲು ಚೆನ್ನಾಗಿತ್ತು, ಇಟ್ಟೆ. ಅಂಗಡಿಯಲ್ಲಿ ಬಣ್ಣ ನೋಡಿ ಬಟ್ಟೆ ಕೊಂಡುಬಿಟ್ಟು, ಒಗೆದರೆ ಏನಾಗುತ್ತದೆ ಎಂದು ಕೇಳದೆ ಬರುವ ಗಂಡಸರ ಪೈಕಿ ನಾನೂ ಒಬ್ಬ.

ಇದಕ್ಕೆ ಹಿನ್ನೆಲೆ ಇಲ್ಲದಿಲ್ಲ. ನಮ್ಮದು ಬಾಗೂರಿನ ಕಡೆಯ ಹಳ್ಳಿ, ಕುರಿ ಕಾಯುವ ಮನೆತನ. ನಮ್ಮ ಬೀದಿಯಲ್ಲಿ ನಿಂತು 'ತಿಮ್ಮಕ್ಕಾ' ಎಂದು ಕೂಗಿದರೆ ಮೂರು ಬಾಗಿಲುಗಳಿಂದ 'ಓ' ಎಂದು ಉತ್ತರ ಬರುತ್ತಿತ್ತು. ಶಾಲೆಯಲ್ಲಿ ನನ್ನ ತರಗತಿಯಲ್ಲೇ ನಾಲ್ವರು ರಂಗಪ್ಪಂದಿರಿದ್ದೆವು. ಗುರುತಿಗೆ ಬೇಕಲ್ಲ, ನನ್ನನ್ನು ಮೂಗು ಸೋರುವ ರಂಗಪ್ಪ ಎನ್ನುತ್ತಿದ್ದರು. ಮೂಗು ಸೋರುವುದು ನಿಂತು ಮೀಸೆ ಬಂದ ಮೇಲೂ ಆ ಬಿರುದು ನಿಲ್ಲಲಿಲ್ಲ. ನನ್ನ ಮದುವೆಯ ಚಪ್ಪರದಲ್ಲಿ ಯಾರೋ ಹೆಣ್ಣಿನ ಕಡೆಯವರಿಗೆ ನನ್ನನ್ನು ಹಾಗೆಯೇ ತೋರಿಸಿಕೊಟ್ಟರು. ಅಂದೇ ನಿರ್ಧರಿಸಿದ್ದೆ, ನನಗೊಂದು ಮಗುವಾದರೆ ಅದರ ಹೆಸರು ಕೂಗಿದಾಗ ಒಂದೇ ಒಂದು ತಲೆ ತಿರುಗಬೇಕು ಎಂದು.

ಆಗ ನಾನು ಹಿರಿಯೂರಿನ ಹೊರವಲಯದ ಒಂದು ಕುರಿ ಫಾರಮ್ಮಿನಲ್ಲಿ ಸ್ಟಾಕ್‌ಮನ್. ಎಂದರೆ ಪಶುವೈದ್ಯರ ಕೈಕೆಳಗಿನವನು, ಡಾಕ್ಟರು ಬರೆದದ್ದನ್ನು ಕುರಿಗೆ ಕುಡಿಸುವವನು. ನಮ್ಮಪ್ಪ ಪಂಚೆ ಉಟ್ಟುಕೊಂಡು ಕಾಯುತ್ತಿದ್ದ ಕುರಿಗಳನ್ನೇ ನಾನು ಪ್ಯಾಂಟು ಹಾಕಿಕೊಂಡು ಕಾಯುತ್ತಿದ್ದೆ. ಇದಕ್ಕೆ ನಮ್ಮ ಮನೆಯಲ್ಲಿ 'ರಂಗನಿಗೆ ವಿದ್ಯೆ ಹತ್ತಿತು' ಎನ್ನುತ್ತಿದ್ದರು. ನಾಡಕುರಿಗೆ ಒಳ್ಳೆಯ ಉಣ್ಣೆ ಬರಲೆಂದು ಫಾರಮ್ಮಿಗೆ ಫ್ರಾನ್ಸ್ ಮೂಲದ ರಾಂಬುಲೆ ಎಂಬ ತಳಿಯ ಟಗರುಗಳನ್ನು ತರಿಸಿದ್ದರು. ಅವನ್ನು ಮೇಯಿಸುತ್ತಿದ್ದ ಜುಂಜಣ್ಣ 'ರಾಮ್‌ಬುಲೆಟ್' ಎನ್ನುತ್ತಿದ್ದ. ರಾಮನ ಹೆಸರಿದೆಯೆಂದು ಬೆಳಗ್ಗೆ ಎದ್ದು ಟಗರಿಗೆ ಕೈಮುಗಿಯುತ್ತಿದ್ದ. ಬುಲೆಟ್ಟಿನ ಹಾಗೆ ನುಗ್ಗಿ ಗುದ್ದುತ್ತದೆಂದು ದೂರದಿಂದಲೇ ಮುಗಿಯುತ್ತಿದ್ದ.

ಈ ಟಗರುಗಳ ಸಂತಾನ ಹೇಗಿದೆ ಎಂದು ನೋಡಲು ಫ್ರಾನ್ಸಿನಿಂದ ಒಬ್ಬ ಪಶುವೈದ್ಯೆ ಬಂದರು. ಕೆಲವು ದಿನ ನಮ್ಮಲ್ಲೇ ಇದ್ದರು. ಜುಂಜಣ್ಣನಿಗೆ ಅವರು 'ದೊರೆಸಾನಿ'. ನಾವು ದೊರೆಸಾನಿ ಎಂದರೆ ಛತ್ರಿ ಹಿಡಿಸಿಕೊಂಡು ನಿಲ್ಲುವವರು ಎಂದುಕೊಂಡಿದ್ದರೆ, ಈಕೆ ಬಂದ ಮರುದಿನವೇ ಮಧ್ಯಾಹ್ನದ ಬಿಸಿಲಿನಲ್ಲಿ, ಈಯಲಾರದೆ ಒದ್ದಾಡುತ್ತಿದ್ದ ಕುರಿಯ ಹಿಂದೆ ಹಿಕ್ಕೆಯ ಮೇಲೇ ಕುಳಿತು ಮರಿಯನ್ನು ಎಳೆದು ತೆಗೆದರು. ತಮ್ಮ ಕೊರಳಿನ ವಸ್ತ್ರದಿಂದ ಅದರ ಮೂಗು ಬಾಯಿ ಒರೆಸಿದರು. ನಾನು 'ಥ್ಯಾಂಕ್ಸ್ ಮೇಡಂ' ಎಂದೆ. ನನ್ನ ಇಂಗ್ಲಿಷು ಸರಿಸುಮಾರು ಅಲ್ಲಿಗೇ ಮುಗಿಯುತ್ತಿತ್ತು. ಅವರು ನಕ್ಕು, ಮೇಡಂ ಗೀಡಂ ಬೇಡ, ಅಮೇಲಿ ಅನ್ನು ಎಂದರು. ನಾನೆಲ್ಲಿ ಅನ್ನಲಿ! ಆದರೆ ಅಂದು ಸಂಜೆ ಸೈಕಲ್ ತುಳಿದುಕೊಂಡು ಮನೆಗೆ ಬರುವಾಗ ದಾರಿಯುದ್ದಕ್ಕೂ ಅಮೇಲಿ, ಅಮೇಲಿ ಎಂದುಕೊಂಡೆ. ನಾಲಿಗೆಯ ಮೇಲೆ ಬೆಣ್ಣೆ ಕರಗಿದ ಹಾಗಿತ್ತು. ಹೆಂಡತಿ ರತ್ನ ಆಗ ಹೆರಿಗೆಗೆಂದು ತವರಾದ ಧರ್ಮಪುರದಲ್ಲಿದ್ದಳು.

ಮಗಳು ಹುಟ್ಟಿದಳು. ಅತ್ತೆಗೆ ತಮ್ಮ ತಾಯಿಯ ಹೆಸರಾದ ಮಾರಕ್ಕ ಎಂದು ಇಡಬೇಕೆಂಬ ಆಸೆ. 'ಮನೆಯಲ್ಲಿ ಹಾಗೇ ಕರೀರಿ, ಹೆಸರು ಮಾತ್ರ ನಾನು ಇಡ್ತೀನಿ' ಎಂದು ಒಪ್ಪಿಸಿದೆ. ಮಗುವಿನ ಕಿವಿಯಲ್ಲಿ ಮೊದಲು ಹೆಸರು ಹೇಳಬೇಕಾದವಳು ಸೋದರತ್ತೆ, ಎಂದರೆ ನನ್ನ ಅಕ್ಕ. ಬಾಗೂರಿನಿಂದ ಎರಡು ಬಸ್ಸು ಬದಲಿಸಿ ಬಂದಿದ್ದಳು. ತೊಟ್ಟಿಲಿನ ಹತ್ತಿರ ನನ್ನನ್ನು ಕರೆದು, "ಏನು ಹೆಸ್ರೋ?" ಎಂದಳು.

"ಅಮೇಲಿ."

"ಆಮೇಲೆ ಯಾಕೋ? ಈಗ್ಲೇ ಹೇಳು. ತೊಟ್ಲು ತೂಗ್ತಾ ಅವ್ರೆ."

"ಹೆಸರೇ ಅಮೇಲಿ ಅಕ್ಕಾ."

"ಲೇ, ಮುಹೂರ್ತ ಮೀರ್ತೈತೆ, ತಮಾಷೆ ಬ್ಯಾಡ!"

ಕೊನೆಗೆ ನಾನೇ ಅವಳ ಕಿವಿಯಲ್ಲಿ ಅಕ್ಷರ ಬಿಡಿಸಿ ಹೇಳಿದೆ. ಅವಳು ಮುಖ ಹುಳ್ಳಗೆ ಮಾಡಿಕೊಂಡು ಮಗುವಿನ ಕಿವಿಗೆ ಅದನ್ನು ದಾಟಿಸಿದಳು. ಮಗು ಕಿಟಾರನೆ ಕಿರುಚಿತು. ಊಟದ ಹೊತ್ತಿಗೆ ಅರ್ಥದ ವಿಚಾರಣೆ ಶುರುವಾಯಿತು. ಊರಿನ ಮಾಸ್ತರು, ಇದು ಸಂಸ್ಕೃತದ ಅಮಲಾ, ನಿರ್ಮಲೆ ಎಂದರ್ಥ, ಉಚ್ಚಾರ ಕೆಟ್ಟಿದೆ ಅಷ್ಟೆ ಎಂದು ತೀರ್ಪು ಕೊಟ್ಟರು. ಅಮಲು ಎಂದರೆ ಅವರಿಗೆ ಬೇರೆಯೇ ಅರ್ಥ ಗೊತ್ತಿದೆ ಎಂದು ಹಿಂದಿನ ಸಾಲಿನಿಂದ ಇಬ್ಬರು ನಕ್ಕರು. ಗಡಿಯಾಚೆಯಿಂದ ಬಂದಿದ್ದ ತೆಲುಗಿನ ನೆಂಟರೊಬ್ಬರು ತುಂಬಾ ಹೊತ್ತು ಯೋಚಿಸಿ, "ನಮ್ಮ ಕಡೆ ಮೇಲು ಅಂದ್ರೆ ಒಳ್ಳೇದು. ಮುಂದೆ 'ಅ' ಇಕ್ಕಿದ್ರೆ..." ಎಂದು ಅಲ್ಲಿಗೇ ನಿಲ್ಲಿಸಿ, ನನ್ನ ಮುಖವನ್ನು ಕನಿಕರದಿಂದ ನೋಡಿ, ಅನ್ನಕ್ಕೆ ಸಾರು ಕಲಸಿಕೊಂಡರು.

ಐದು ತಿಂಗಳಿಗೆ ರತ್ನ ಮಗುವಿನೊಂದಿಗೆ ಹಿರಿಯೂರಿಗೆ ಬಂದಳು. ಒಂದು ಭಾನುವಾರ ಫಾರಮ್ಮು ತೋರಿಸುತ್ತೇನೆಂದು ಇಬ್ಬರನ್ನೂ ಕರೆದುಕೊಂಡು ಹೋದೆ. ಮಗು ನನ್ನ ಹೆಗಲ ಮೇಲಿತ್ತು. ದೊಡ್ಡಿಯ ಹತ್ತಿರ ಹೋಗುವಷ್ಟರಲ್ಲಿ ಜುಂಜಣ್ಣ ಹಿಂಡಿಯ ಬುಟ್ಟಿ ಹಿಡಿದು ಗಟ್ಟಿಯಾಗಿ ಕೂಗಿದ: "ಅಮೇಲೀ! ಲೇ ಅಮೇಲೀ! ಬಾರೇ, ಹಿಂಡಿ ತಿನ್ನುವಂತೆ!"

ಹಿಂಡಿನಲ್ಲಿ ಒಂದೇ ಒಂದು ತಲೆ ತಿರುಗಿತು. ದುಂಡಗಿನ ಒಂದು ಹೆಣ್ಣುಕುರಿ ಮ್ಯಾ ಎನ್ನುತ್ತಾ ಓಡಿಬಂದು ಬುಟ್ಟಿಗೆ ಬಾಯಿ ಹಾಕಿತು. ಜುಂಜಣ್ಣ ರತ್ನಳ ಕಡೆ ತಿರುಗಿ, "ಹುಟ್ಟಿದಾಗ್ಲಿಂದ ಇದಕ್ಕೆ ಅದೇ ಹೆಸ್ರು ಕಣ್ರವ್ವ. ಭಾಳ ಬುದ್ಧಿವಂತೆ" ಎಂದ.

ರತ್ನ ಕುರಿಯನ್ನು ನೋಡಿದಳು, ಮಗುವನ್ನು ನೋಡಿದಳು, ಕೊನೆಗೆ ನನ್ನನ್ನು ನೋಡಿದಳು. "ನನ್ನ ಮಗೀಗೆ ಕುರಿ ಹೆಸ್ರು ಇಕ್ಕಿದ್ರಾ?" ಎಂದಳು. ನಾನು ಬಾಯಿ ತೆರೆಯುವ ಮೊದಲೇ ಮಗುವನ್ನು ಕಿತ್ತುಕೊಂಡು ನಡೆದುಬಿಟ್ಟಳು. ಮರುದಿನ ಬೆಳಗಿನ ಬಸ್ಸಿಗೆ ಧರ್ಮಪುರ. "ಹೆಸ್ರು ಬದಲಾಯಿಸಿದ ದಿನ ಹೇಳಿಕಳ್ಸ್ರಿ, ಬತ್ತೀನಿ" ಎಂದಷ್ಟೇ ಹೇಳಿ ಹೋದಳು.

ಜುಂಜಣ್ಣನನ್ನು ಹಿಡಿದು ಕೇಳಿದೆ. ಪಾಪ, ಅವನ ತಪ್ಪೇನಿಲ್ಲ. ಅಂದು ದೊರೆಸಾನಿ ತಾವು ಎಳೆದು ತೆಗೆದ ಆ ಮರಿಯನ್ನು ಎದೆಗವಚಿಕೊಂಡು ಕುಳಿತಿದ್ದಾಗ ಇವನು ಕೈಸನ್ನೆಯಲ್ಲಿ ಮರಿಗೆ ಏನು ಹೆಸರಿಡೋಣ ಎಂದು ಕೇಳಿದ್ದಾನೆ. ಅವರು ತಮ್ಮ ಹೆಸರು ಕೇಳುತ್ತಿದ್ದಾನೆಂದು ಎದೆ ಮುಟ್ಟಿಕೊಂಡು 'ಅಮೇಲಿ' ಎಂದಿದ್ದಾರೆ. ಎದೆಯ ಮೇಲಿದ್ದದ್ದು ಮರಿ. ಇವನಿಗೆ ಅನುಮಾನವೇ ಉಳಿಯಲಿಲ್ಲ. ನನಗೋ ಕುರಿಗಳೆಲ್ಲ ಕಿವಿಗೆ ಚುಚ್ಚಿದ ನಂಬರುಗಳಾದ್ದರಿಂದ ಈ ನಾಮಕರಣ ತಿಳಿದೇ ಇರಲಿಲ್ಲ. ಅದು ದೊರೆಸಾನಿಯವರ ಹೆಸರು ಮಾರಾಯ ಎಂದು ತಿಳಿಸಿ ಹೇಳಿದ ಮೇಲೆ ಅವನು ನಾಲಿಗೆ ಕಚ್ಚಿಕೊಂಡ.

ಈಗ ನನ್ನ ಪರಿಸ್ಥಿತಿ ನೋಡಿ. ಧರ್ಮಪುರಕ್ಕೆ ಹೋಗಿ ನಿಜ ಹೇಳಬೇಕು. ನಿಜವೇನು? ಇದು ಕುರಿಯ ಹೆಸರಲ್ಲ, ನೀನು ಬಸುರಿಯಾಗಿ ತವರಿನಲ್ಲಿದ್ದಾಗ ಇಲ್ಲಿಗೆ ಬಂದಿದ್ದ ಒಬ್ಬ ಹೆಂಗಸಿನ ಹೆಸರು ಎನ್ನುವುದು. ಆ ಬಸ್ಸಿನಲ್ಲಿ ಕಡಲೆಕಾಯಿ ಮೂಟೆಗಳ ನಡುವೆ ಸಿಕ್ಕಿಕೊಂಡು ಕುರಿಯನ್ನೂ ಹೆಂಗಸನ್ನೂ ತೂಗಿ ತೂಗಿ ನೋಡಿದೆ. ಇಳಿಯುವ ಹೊತ್ತಿಗೆ ಕುರಿಯೇ ಕ್ಷೇಮ ಎನ್ನಿಸಿತ್ತು.

ಜಗಲಿಯ ಮೇಲೆ ಅತ್ತೆ ಕಡಲೆಕಾಯಿ ಸುಲಿಯುತ್ತಿದ್ದರು. "ಬರ್ರಿ ಅಳಿಯಂದ್ರೆ, ಕುಂತ್ಕಳ್ರಿ" ಎಂದರು. ಒಳಗಿನಿಂದ ನೀರೂ ಬರಲಿಲ್ಲ, ಹೆಂಡತಿಯೂ ಬರಲಿಲ್ಲ. ನಾನು ತಲೆ ತಗ್ಗಿಸಿ, "ಹೌದು ಅತ್ತೆ, ಕುರಿ ಹೆಸರೇ. ಒಳ್ಳೇ ಜಾತಿ ಕುರಿ" ಎಂದೆ.

ಅತ್ತೆ ಒಳಗೆ ಕೇಳುವ ಹಾಗೆ ಹೇಳಿದರು: "ಅದಕ್ಕೇನಾತೀಗ? ನಾವು ಉಂಡಿದ್ದು ಕುರಿಯಿಂದ, ಹೊದ್ದಿದ್ದು ಕುರಿಯಿಂದ. ಅಷ್ಟು ದೊಡ್ಡ ಫಾರಮ್ಮಿನಾಗೆ ಒಳ್ಳೇ ಕುರಿ ಹೆಸ್ರೇ ಆರಿಸಿ ಇಕ್ಕವ್ರೆ."

"ಹಂಗಾದ್ರೆ ನನಗೂ ಯಾವ್ದಾರ ಕುರಿ ಹೆಸ್ರೇ ಇಕ್ಕಬೇಕಿತ್ತು ನೀನು!" ಎಂದು ಒಳಗಿನಿಂದ ಉತ್ತರ ಬಂತು. ಆದರೆ ತಾಯಿಯೇ ನನ್ನ ಪಕ್ಷ ಸೇರಿದ ಮೇಲೆ ಅವಳಿಗೆ ಬಲವಿರಲಿಲ್ಲ. ಎರಡು ದಿನ ಕಳೆದು ನನ್ನ ಜೊತೆ ಹೊರಟಳು. ಆದರೆ ಒಮ್ಮೆಯೂ ಆ ಹೆಸರನ್ನು ಬಾಯಲ್ಲಿ ತರಲಿಲ್ಲ. ಮಗು 'ಪಾಪು' ಆಗಿಯೇ ಉಳಿಯಿತು.

ಮಗುವಿಗೆ ವರ್ಷ ತುಂಬುವ ಸುಮಾರಿಗೆ ಒಂದು ಬೆಳಗ್ಗೆ ತಿಂಡಿ ತಿನ್ನುತ್ತಾ ಕುಳಿತಿದ್ದೆ. ಜುಂಜಣ್ಣ ಏದುಸಿರು ಬಿಡುತ್ತಾ ಬಾಗಿಲಿಗೆ ಬಂದು, "ಸ್ವಾಮೀ, ಅಮೇಲಿ ಬಂದವ್ರೆ! ಬಂದವ್ರೇ ನಿಮ್ಮನ್ನೇ ಕೇಳಿದ್ರು!" ಎಂದ.

ಒಲೆಯ ಮುಂದಿದ್ದ ರತ್ನ ಸೌಟು ಹಿಡಿದೇ ಈಚೆಗೆ ಬಂದಳು. "ಬಂದವ್ರೆ? ಕುರಿಗೆ ಯಾವಾಗ್ಲಿಂದ ಮರ್ಯಾದೆ ಕೊಡಾಕೆ ಶುರು ಮಾಡಿದೆ ಜುಂಜಣ್ಣ?"

ಜುಂಜಣ್ಣ ನನ್ನ ಮುಖ ನೋಡಿದ. ನಾನು ತಟ್ಟೆ ನೋಡಿದೆ. ಅವನು ಮೆಲ್ಲನೆ ಜಾರಿಕೊಂಡ.

"ಯಾರ್ರಿ ಅದು?"

"ಡಾಕ್ಟರು. ಕುರಿ ಡಾಕ್ಟರು."

"ಗಂಡ್ಸಾ ಹೆಂಗ್ಸಾ?"

"ಹೆಂಗಸು. ಫ್ರಾನ್ಸ್ ದೇಶ."

ಅವಳು ಕೂಗಾಡಲಿಲ್ಲ, ಅಳಲಿಲ್ಲ. ಸೌಟನ್ನು ಕೆಳಗಿಟ್ಟು, ಬಹಳ ಮೆತ್ತಗಿನ ದನಿಯಲ್ಲಿ, "ನಾಳೆ ಊಟಕ್ಕೆ ಕರ್ಕಂಡ್ ಬರ್ರಿ. ನಾನೂ ಒಂದ್ಸಲ ನೋಡ್ತೀನಿ" ಎಂದಳು. ನನಗೆ ಕೂಗಾಟವೇ ವಾಸಿಯಿತ್ತು. ಅಂದೇ ಧರ್ಮಪುರಕ್ಕೆ ಹೇಳಿಕಳಿಸಿ ತಾಯಿಯನ್ನು ಕರೆಸಿಕೊಂಡಳು. ಮರುದಿನ ಮದುವೆಯ ರೇಷ್ಮೆ ಸೀರೆ ಉಟ್ಟಳು, ಮೊಳದುದ್ದ ಮಲ್ಲಿಗೆ ಮುಡಿದಳು, ಯುದ್ಧಕ್ಕೆ ಹೊರಟವಳಂತೆ ಬಾಗಿಲಲ್ಲಿ ನಿಂತಳು.

ಜೀಪು ಬಂತು. ಮೊದಲು ನಮ್ಮ ಡಾಕ್ಟರು ಇಳಿದರು. ಆಮೇಲೆ ಅವರ ಭುಜದ ಮೇಲೊಂದು ಕೈ, ತಮ್ಮ ಮಂಡಿಯ ಮೇಲೊಂದು ಕೈ ಊರಿಕೊಂಡು ದೊರೆಸಾನಿ ಇಳಿದರು. ನಾನು ಇಲ್ಲಿಯವರೆಗೆ ನಿಮಗೂ ಹೇಳದಿದ್ದ ಸಂಗತಿಯೆಂದರೆ ಆಕೆಗೆ ಅರವತ್ತು ದಾಟಿ ಬಹಳ ಕಾಲವಾಗಿತ್ತು. ತಲೆಯೆಲ್ಲ ಹತ್ತಿಯಂತೆ ಬೆಳ್ಳಗೆ. ಮೂಗಿನ ತುದಿಗೆ ದಪ್ಪ ಕನ್ನಡಕ. ರತ್ನ ಅವರನ್ನು ಅಡಿಯಿಂದ ಮುಡಿಯವರೆಗೆ ನೋಡಿದಳು. ಆಮೇಲೆ ಸೆರಗನ್ನು ಬಾಯಿಗೊತ್ತಿಕೊಂಡು ಒಳಗೋಡಿದಳು. ಅಡುಗೆಮನೆಯಿಂದ ಪಾತ್ರೆ ಉರುಳಿದ ಸದ್ದೂ ಅವಳು ನಗುವ ಸದ್ದೂ ಒಟ್ಟಿಗೆ ಕೇಳಿಸಿದವು.

ಮಗುವಿಗೆ ಅವರ ಹೆಸರನ್ನೇ ಇಟ್ಟಿದೆಯೆಂದು ಡಾಕ್ಟರು ತಿಳಿಸಿದಾಗ ದೊರೆಸಾನಿ ಕನ್ನಡಕ ತೆಗೆದು ಕಣ್ಣೊರೆಸಿಕೊಂಡು ಮಗುವನ್ನು ತೊಡೆಯ ಮೇಲೆ ಕೂರಿಸಿಕೊಂಡರು. ಅತ್ತೆ ಅವರ ಎದುರಿಗೆ ಚಾಪೆ ಹಾಕಿ ಕುಳಿತು, ವರ್ಷದಿಂದ ಹೊಟ್ಟೆಯಲ್ಲಿಟ್ಟುಕೊಂಡಿದ್ದ ಪ್ರಶ್ನೆಯನ್ನು ಕೊನೆಗೂ ಕೇಳಿದರು: "ಹಂಗಂದ್ರೆ ಏನಂತೆ ಕೇಳ್ರಿ ಡಾಕ್ಟ್ರೆ."

ಡಾಕ್ಟರು ಕೇಳಿ ತಿಳಿದು ಹೇಳಿದರು. ಅದು ಅವರ ಅಜ್ಜಿಯ ಹೆಸರಂತೆ. ಹಿಂದೆ ಅವರ ಹಳ್ಳಿಯಲ್ಲಿ ಮನೆಗೊಬ್ಬ ಅಮೇಲಿ ಇರುತ್ತಿದ್ದಳಂತೆ. ಈಗಿನವರು ಹಳೇ ಕಾಲದ್ದೆಂದು ಇಡುವುದಿಲ್ಲವಂತೆ.

"ಅಂದ್ರೆ ನಮ್ಮ ಮಾರಕ್ಕ ಇದ್ದಂಗೆ!" ಎಂದರು ಅತ್ತೆ, ನನ್ನ ಕಡೆ ಒಮ್ಮೆ ನೋಡಿ.

"ಅದರ ಮೂಲ ಇನ್ನೂ ಹಳೇ ಭಾಷೆಯದಂತೆ ಕಣಮ್ಮ. ದುಡಿಮೆ ಅಂತ ಅರ್ಥವಂತೆ. ಅಮೇಲಿ ಅಂದರೆ ಬಿಡುವಿಲ್ಲದೆ ದುಡಿಯೋಳು."

ಅತ್ತೆ ನಿಟ್ಟುಸಿರು ಬಿಟ್ಟರು. "ಅಷ್ಟೇನಾ? ದುಡಿಯೋಳು ಅನ್ನಾಕೆ ಬ್ಯಾರೆ ಹೆಸ್ರು ಯಾಕೆ? ಹೆಣ್ಣು ಅಂದಿದ್ರೆ ಸಾಕಾಗಿತ್ತು. ಅದಕ್ಕೆ ಅಳಿಯಂದ್ರು ಫ್ರಾನ್ಸ್ ತಂಕ ಹೋದ್ರಾ?"

ಡಾಕ್ಟರು ಇದನ್ನು ಇಂಗ್ಲಿಷಿಗೆ ತಿರುಗಿಸಿ ಹೇಳಿದರು. ದೊರೆಸಾನಿ ಒಂದು ಗಳಿಗೆ ಅತ್ತೆಯನ್ನೇ ನೋಡಿದರು. ಆಮೇಲೆ ಇಬ್ಬರು ಮುದುಕಿಯರೂ ಒಬ್ಬರ ಕೈ ಒಬ್ಬರು ಹಿಡಿದುಕೊಂಡು, ನಡುವೆ ಯಾವ ಭಾಷೆಯೂ ಇಲ್ಲದೆ, ಕಣ್ಣಲ್ಲಿ ನೀರು ಬರುವವರೆಗೆ ನಕ್ಕರು. ರತ್ನ ಮುದ್ದೆಯ ತಟ್ಟೆ ತಂದಿಡುತ್ತಾ, "ಅಮೇಲಿ, ಅಜ್ಜಿ ಕನ್ನಡ್ಕ ಎಳೀಬ್ಯಾಡ ಕಣೇ" ಎಂದಳು. ಅವಳ ಬಾಯಲ್ಲಿ ಆ ಹೆಸರನ್ನು ನಾನು ಕೇಳಿದ್ದು ಅದೇ ಮೊದಲು.

ಜೀಪು ಹೋದ ಮೇಲೆ ರತ್ನ ಹತ್ತಿರ ಬಂದು, "ಮುದುಕಿ ಅಂತ ನಿನ್ನೆ ದಿನಾನೇ ಹೇಳಿದ್ರೆ ಏನಾಗ್ತಿತ್ತು? ನನಗೆ ರಾತ್ರಿಯೆಲ್ಲ ನಿದ್ದೆ ಇಲ್ಲ" ಎಂದಳು.

ನೀನು ಕೇಳಲಿಲ್ಲವಲ್ಲ ಎಂದೆ. ನಿಜವಾದ ಕಾರಣ ಅವಳಿಗೆ ಹೇಳುವಂಥದ್ದಲ್ಲ. ಮೈತುಂಬ ಕುರಿಯ ವಾಸನೆ ಹೊತ್ತು ಮನೆಗೆ ಬರುವ, ಆಗಲೇ ನೆತ್ತಿಯ ಮೇಲೆ ಬೋಳು ಕಾಣಿಸಿಕೊಂಡಿದ್ದ ನನ್ನಂಥವನ ಮೇಲೆ ಒಬ್ಬ ಹೆಂಗಸು ಅನುಮಾನಪಟ್ಟದ್ದು ಅದೊಂದೇ ಸಲ. ಒಂದು ರಾತ್ರಿಯಾದರೂ ಅದನ್ನು ಹಾಗೇ ಇಟ್ಟುಕೊಂಡಿರೋಣ ಎನ್ನಿಸಿತ್ತು.

ಮುಂದೆ ಒಬ್ಬ ಮಗನೂ ಹುಟ್ಟಿದ. ನಾಮಕರಣಕ್ಕೆಂದು ಹೊಸ ಷರ್ಟು ತೊಟ್ಟು ಧರ್ಮಪುರಕ್ಕೆ ಹೋದೆ. ನಾಲ್ಕಾರು ಹೆಸರುಗಳನ್ನು ಯೋಚಿಸಿಕೊಂಡೂ ಹೋಗಿದ್ದೆ. ನನ್ನನ್ನು ಚಪ್ಪರದ ಆಚೆ ಕುರ್ಚಿ ಹಾಕಿ ಕೂರಿಸಿ, ಕೈಗೊಂದು ಬೀಸಣಿಗೆ ಕೊಟ್ಟರು. ಒಳಗೆ ಹೆಂಗಸರು ತೊಟ್ಟಿಲು ತೂಗಿದರು, ಹಾಡು ಹೇಳಿದರು, ನಕ್ಕರು. ಮಗನ ಹೆಸರು ಏನೆಂಬುದು ನನಗೆ ಊಟದ ಪಂಕ್ತಿಯಲ್ಲಿ ಪಕ್ಕದಲ್ಲಿ ಕುಳಿತವರಿಂದ ತಿಳಿಯಿತು. ಬಹಳ ಒಳ್ಳೆಯ ಹೆಸರು ಎಂದು ಹೇಳಿ ಇನ್ನೊಂದು ಹೋಳಿಗೆ ಹಾಕಿಸಿಕೊಂಡೆ.