ಪಿಚ್ಚರ್‌ನಲ್ಲಿ ಸತ್ತ ಬೈರಣ್ಣನ್ನ ಧಾರೆಗೆ ಮುಂಚೆ ಎಬ್ಬಿಸಿ ಕೊಡೋ ಬಗ್ಗೆ

ಇಂದ:
ಬೈರಣ್ಣ, ಬದುಕಿರೋನು,
ತಾವರೆಕೆರೆ ಹಳೇ ಊರು, ಬಿಟಿಎಂ ಲೇಔಟ್.

ಗೆ:
ದೊಡ್ಡ ಸಾಹೇಬ್ರು,
ಆರೋಗ್ಯ ಪಾಠದ ಪಿಚ್ಚರ್ ತೆಗೆಯೋ ಆಫೀಸು, ಜಯನಗರ.

ವಿಷಯ: ಸತ್ತಿದ್ದನ್ನ ರದ್ದು ಮಾಡೋ ಕುರಿತು.

ಉಲ್ಲೇಖ: ಶ್ರೀನಗರದ ಗಣೇಶನ ಪೆಂಡಾಲಲ್ಲಿ ತಾವು ಪರದೆ ಕಟ್ಟಿ ತೋರಿಸಿದ ಟೀಬಿ ಪಿಚ್ಚರ್.

ಮಾನ್ಯರೇ,

೧. ಸದರಿ ಬೈರಣ್ಣನಿಗೆ ತಮ್ಮ ಪಿಚ್ಚರ್‌ಗಳಲ್ಲಿ ಬರದೇ ಇರೋ ಕಾಯಿಲೆ ಇಲ್ಲ. ಮಲೇರಿಯಾದಲ್ಲಿ ಅವನು ನಡುಗಿದ್ದಕ್ಕೆ ಪಕ್ಕದ ಮನೆ ಹೆಂಚು ಉದುರಿದ್ವು. ಹಾವು ಕಚ್ಚಿದಾಗ ಅವನು ಬಿಟ್ಟ ನೊರೆ ನೋಡಿ ಹಾವಿಗೇ ತಲೆಸುತ್ತು ಬಂತು. ಹಾವಾಡಿಗನ್ನ ಬೇಕಾದ್ರೆ ಕೇಳಿ.

೨. ಎಲ್ಲಾದ್ರಲ್ಲೂ ಕೊನೆಗೆ ಸರ್ಕಾರಿ ಮಾತ್ರೆ ನುಂಗಿ ಎದ್ದು ಕೂತಿದಾನೆ. ಟೀಬಿಲಿ ಮಾತ್ರ ಡೈರೆಕ್ಟ್ರು ಅನಂತರಾಮು ಸಾರ್, "ಬೈರಣ್ಣ, ಅರ್ಧಕ್ಕೇ ಮಾತ್ರೆ ಬಿಟ್ರೆ ಏನಾಗುತ್ತೆ ಅಂತ ಜನಕ್ಕೆ ಗೊತ್ತಾಗ್ಬೇಕು, ಸಾಯ್ರೀ" ಅಂದ್ರು. ಆದ್ದರಿಂದ ಸತ್ತ. ಸಖತ್ತಾಗಿ ಸತ್ತ.

೩. ಆಮೇಲೆ ತಿಥಿ ಸೀನು. ಬೈರಣ್ಣನ ಫೋಟೋಗೆ ಹಾರ ಹಾಕಿ, ತಾರಸಿ ಮೇಲೆ ಎಡೆ ಇಟ್ರು. "ಕಾಗೆ ಬರದಿದ್ರೂ ನಡೆಯುತ್ತೆ" ಅಂದಿದ್ರು ಸಾರ್. ಆದರೆ ಎಡೆಗೆ ಕೋಳಿಸಾರು ಮಾಡಿದ್ದು ಬೈರಣ್ಣನ ಹೆಂಡ್ತಿ ಅಂಜನಮ್ಮ. ಆದ ಕಾರಣ, ಆ ವಾಸನೆಗೆ ಲಾಲ್‌ಬಾಗ್‌ನಿಂದ ಒಂದು ಕಾಗೆ ಮಿಕ್ಕ ಕಾಗೆಗಳನ್ನ ಒದ್ಕೊಂಡು ಬಂದು ಮುದ್ದೆಗೆ ಕೊಕ್ಕಿಡ್ತು. ಎಲ್ಲಾರೂ ಚಪ್ಪಾಳೆ ಹೊಡೆದ್ರು. ಬೈರಣ್ಣನೂ ಹೊಡೆದ, ಪೆದ್ದ.

೪. ಈಗ ಬೈರಣ್ಣನ ಮಗಳು ಚೈತ್ರನ ಮದುವೆ ಶ್ರೀನಗರದ ಹುಡುಗ ಮನು ಜತೆ ಗೊತ್ತಾಗಿದೆ. ಹುಡುಗನ ಅಜ್ಜಿ ಈಶ್ವರಮ್ಮನವರು ಪೆಂಡಾಲಲ್ಲಿ ಆ ಪಿಚ್ಚರ್ ನೋಡಿ, ತಿಥಿ ಆಗೋಗಿರೋ ಹುಡುಗಿ ಅಪ್ಪ ಧಾರೆ ಎರೀಕೂಡ್ದು ಅಂತ ಕೂತಿದಾರೆ. ಬೈರಣ್ಣ ಓಡಿಹೋಗಿ, "ಅಮ್ಮಾ, ಅದು ಆ್ಯಕ್ಟಿಂಗು. ನೋಡಿ, ಕಾಫಿ ಕುಡೀತಿಲ್ವಾ?" ಅಂದ.

"ಕುಡಿಯಪ್ಪ, ಯಾರು ಬೇಡ ಅಂದ್ರು? ಆ್ಯಕ್ಟಿಂಗು ನೀನು ಮಾಡ್ತೀಯ. ಕಾಗೆ ಮಾಡುತ್ತಾ?"

ಬೈರಣ್ಣ ಕಾಫಿ ಅರ್ಧಕ್ಕೇ ಬಿಟ್ಟು ಎದ್ದು ಬಂದ. ಹುಟ್ಟಿದಾಗಿಂದ ಇದೇ ಮೊದ್ಲು.

೫. ಬೈರಣ್ಣನ ತಮ್ಮನ ಕೈಲಿ ಧಾರೆ ಎರೆಸೋಣ ಅಂದ್ರೆ ಚೈತ್ರ, "ಚಿಕ್ಕಪ್ಪ ಚೊಂಬು ಮುಟ್ಟಿದ್ರೆ ನಾನು ಮಂಟಪಕ್ಕೇ ಬರಲ್ಲ. ನೀನೇ ಎರೀಬೇಕಪ್ಪ" ಅಂತ ಕಣ್ಣಲ್ಲಿ ನೀರು ಹಾಕ್ತಾಳೆ. ಅಂಜನಮ್ಮ, "ಸಾಯೋಕೆ ಮುಂಚೆ ನನ್ನನ್ನ ಒಂದು ಮಾತು ಕೇಳ್ಬೇಡ್ವಾ?" ಅಂತ ಸೌಟು ತೋರಿಸ್ತಾಳೆ.

೬. ಕಡೆಗೆ ಈಶ್ವರಮ್ಮನವರೇ ದಾರಿ ಹೇಳಿದಾರೆ: "ಇನ್ನೊಂದ್ಸಲ ಎಡೆ ಇಡು. ಕಾಗೆ ಮುಟ್ಟದೇ ಹೋದ್ರೆ ನೀನು ಬದುಕಿದೀಯ. ಪರದೆ ಮೇಲೆ ಸತ್ತಿದ್ದನ್ನ ಊರೆಲ್ಲ ನೋಡಿದೆ, ಇದನ್ನೂ ಪರದೆ ಮೇಲೇ ನೋಡ್ಲಿ."

ಆದ್ದರಿಂದ ತಾವು ದಯಮಾಡಿ ಕ್ಯಾಮೆರಾ ಕಳಿಸಿ, ಕಾಗೆ ಎಡೆ ಬಿಟ್ಟು ಹಾರಿಹೋಗೋ ಸೀನೊಂದನ್ನ ತೆಗೆದು, ಪಿಚ್ಚರ್ ಬಾಲಕ್ಕೆ ಅಂಟಿಸಿ, ಮದುವೆಗೆ ಮುಂಚೆ ಶ್ರೀನಗರದಲ್ಲಿ ತೋರಿಸಬೇಕಾಗಿ ಕೈಮುಗಿದು ಕೇಳ್ಕೊಳ್ಳೋದು.

ಇನ್ನೂ ಉಸಿರಾಡ್ತಿರೋ ತಮ್ಮ ವಿಶ್ವಾಸಿ,
ಬೈರಣ್ಣ

ಲಗತ್ತು: ಕೆಮ್ಮಿಲ್ಲ ಅಂತ ಡಾಕ್ಟ್ರು ಬರೆದ ಚೀಟಿ, ಹಾರ ತೆಗೆದ ಫೋಟೋ, ಲಗ್ನಪತ್ರಿಕೆ, ತಾವೂ ಬರಬೇಕು.

ವಿ.ಸೂ.: ಮನೇಲಿ ಒಂದು ಟ್ರಯಲ್ ನೋಡಿದ್ವಿ. ಅಂಜನಮ್ಮನ ಸಾರಿಗೆ ಕಾಗೆ ಜತೆ ಹದ್ದೂ ಬಂತು. ಆದ ಕಾರಣ, ಈ ಸಲದ ಎಡೆಗೆ ಶೂಟಿಂಗ್ ದಿನ ತಾವು ನಮಗೆಲ್ಲ ಹಂಚೋ ಪಲಾವನ್ನೇ ಕಳಿಸಿಕೊಡಬೇಕಾಗಿ ಪ್ರಾರ್ಥನೆ. ಯಾವ ಕಾಗೇನೂ ಮುಟ್ಟಲ್ಲ.