ತುರ್ವಿಹಾಳಕ್ಕೆ ಹೋದ ರೇಮಣ್ಣ

ನನ್ನ ತಾಳ ಸರಿಯಿಲ್ಲವೆಂಬುದು ನನಗೆ ಚೆನ್ನಾಗಿ ಗೊತ್ತು. ಆದರೂ ಮಸ್ಕಿಯಲ್ಲಿ ವೀರಭದ್ರಪ್ಪ ಮಾಸ್ತರರ ಪಡಸಾಲೆಯಲ್ಲಿ ಭಾನುವಾರ ಮಧ್ಯಾಹ್ನ ನಡೆಯುವ ಭಜನೆಯಲ್ಲಿ ಹನ್ನೊಂದು ವರ್ಷದಿಂದ ತಾಳ ಬಾರಿಸುವವನು ನಾನೇ. ಮಾಸ್ತರರು ನನ್ನತ್ತ ನೋಡದೆ ಹಾರ್ಮೋನಿಯಂ ನುಡಿಸುವುದನ್ನು ರೂಢಿ ಮಾಡಿಕೊಂಡಿದ್ದರು. ತಬಲದ ಹುಸೇನಸಾಬರು ನನ್ನ ಕಡೆಯ ಕಿವಿಗೆ ಹತ್ತಿ ಇಟ್ಟುಕೊಳ್ಳುತ್ತಿದ್ದರು. ಪಾಪ, ಕಿವಿನೋವು ಎಂದು ನಾನು ಮರುಗುತ್ತಿದ್ದೆ.

ಅಲ್ಲಿಗೆ ಫ್ರಾನ್ಸಿನ ಚಿತ್ರಕಾರನೊಬ್ಬ ಬಂದ. ಹೆಸರು ರೇಮಿ. ಲಿಂಗಸುಗೂರಿನ ಲಾಡ್ಜಿನಲ್ಲಿ ಇಳಿದುಕೊಂಡು, ದಿನಾ ಬಸ್ಸಿನಲ್ಲಿ ಬಂದು ಮಸ್ಕಿಯ ಗುಡ್ಡದ ಚಿತ್ರ ಬರೆಯುತ್ತಿದ್ದ. ನಮ್ಮ ಹಾಡುಗಾರ ಮಲ್ಲಪ್ಪ ಅಂಗಡಿಗಳ ಬೋರ್ಡು ಬರೆಯುವವನು. “ನಮ್ಮ ಕಸುಬಿನಾಂವ ರೀ, ಹೊರಗ ನಿಂದರಿಸಬಾರದು” ಎಂದು ಅವನನ್ನು ಕರೆತಂದು ಕೂರಿಸಿದ. ಕೂರಿಸಿದ್ದು ನನ್ನ ಜಾಗದಲ್ಲಿ. ನಾನು ಕೈಕಾಲು ತೊಳೆದು ಬರುವಷ್ಟರಲ್ಲಿ ತಾಳ ಅವನ ಕೈಯಲ್ಲಿತ್ತು. ಒಂದು ಪೆಟ್ಟೂ ತಪ್ಪಲಿಲ್ಲ. ಹುಸೇನಸಾಬರು ಕಿವಿಯ ಹತ್ತಿ ತೆಗೆದರು.

“ರೇಮಣ್ಣ ಇಲ್ಲೇ ಖಾಯಂ ಕುಂದರ್ಲಿ,” ಎಂದರು ಮಾಸ್ತರರು.

“ಮತ್ತ ನಾನ್ರಿ?”

“ನಿಮಗ ಇಂಗ್ಲಿಷ್ ಬರ್ತೈತಿ. ಹಾಡಿನ ಅರ್ಥ ಅವ್ರಿಗೆ ತಿಳಿಸಿ ಹೇಳ್ರಿ.”

ಹೀಗೆ ನಾನು ಚಪ್ಪಲಿಗಳ ಪಕ್ಕ ಕುಳಿತು ದುಭಾಷಿಯಾದೆ. ನನ್ನ ಇಂಗ್ಲಿಷೂ ಅಷ್ಟಕ್ಕಷ್ಟೆ, ಅವನದೂ ಅಷ್ಟಕ್ಕಷ್ಟೆ; ವೈರಾಗ್ಯದ ಹಾಡೊಂದನ್ನು ಅವನು ಅಡುಗೆಯ ವಿಷಯವೆಂದು ತಿಳಿದುಕೊಂಡಿದ್ದ. ಮೂರು ವಾರ ಸಹಿಸಿದೆ. ನಾಲ್ಕನೆಯ ಭಾನುವಾರ ಬೆಳಿಗ್ಗೆ, “ಈ ಸಲ ಭಜನೆ ತುರ್ವಿಹಾಳದಲ್ಲಿ, ಸಿಂಧನೂರಿನಲ್ಲಿ ಬಸ್ಸು ಬದಲಿಸಬೇಕು” ಎಂದು ಹೇಳಿಬಿಟ್ಟೆ. ಅವನು ನನ್ನ ಎರಡೂ ಕೈ ಹಿಡಿದು ಉಪಕಾರ ಸ್ಮರಿಸಿ ಬಸ್ಸು ಹತ್ತಿದ. ನಿಜ ಹೇಳಿ ಇಳಿಸೋಣವೆಂದು ಒಂದು ಹೆಜ್ಜೆ ಮುಂದಿಟ್ಟೆ. ಅಷ್ಟರಲ್ಲಿ ಬಸ್ಸು ಹೊರಟಿತ್ತು.

ಆ ಭಾನುವಾರ ನಾನು ನನ್ನ ಜಾಗದಲ್ಲಿದ್ದೆ. “ರೇಮಣ್ಣ ಎಲ್ಲಿ?” ಎಂದು ಮೂವರೂ ಕೇಳಿದರು. “ಆರಾಮ ಇಲ್ಲಂತ್ರಿ” ಎಂದೆ. ಎರಡನೆಯ ಹಾಡಿಗೆ ಮಾಸ್ತರರ ಫೋನು ಬಂತು. ತುರ್ವಿಹಾಳದ ಭಜನೆಯ ಹಿರಿಯರು. ಮಾಸ್ತರರಿಗೆ ಕಿವಿ ಮಂದ, ಫೋನು ಎಲ್ಲರಿಗೂ ಕೇಳಿಸುತ್ತದೆ.

“ಮಾಸ್ತರ, ನಿಮ್ಮ ಫ್ರಾನ್ಸಿನವ್ರನ್ನ ಕಳಿಸಿದ್ದು ಭಾಳ ಛಲೋ ಆತ್ರಿ. ಭಜನಿ ಎಲ್ಲಿ ಅಂತ ಕೇಳಕೋತ ನಮ್ಮ ಗುಡಿಗೇ ಬಂದಾರ. ಇನ್ನ ನಾವು ಬಿಡಂಗಿಲ್ಲ. ಸುಮ್ನ ಇಟ್ಟುಕೊಂಡ್ರ ನ್ಯಾಯ ಅಲ್ಲಂತ ನಮ್ಮ ತಾಳದ ಬಸಣ್ಣನ್ನ ನಿಮ್ಮ ಕಡೆ ಕಳಿಸೀವಿ. ಆಗಲೇ ಬಸ್ ಹತ್ಯಾನ.”

ಎಲ್ಲರೂ ನನ್ನತ್ತ ನೋಡಿದರು.

“ಯಾಕ್ರಿ ಹಿಂಗ ಮಾಡಿದ್ರಿ?” ಎಂದ ಮಲ್ಲಪ್ಪ.

“ನನ್ನ ಜಾಗ ಹೋಗಿತ್ತಲ್ಲೋ,” ಎಂದೆ. ಮಾಸ್ತರರು ಮುಂದಿನ ಹಾಡು ಹಿಡಿದರು. ಬೈದಿದ್ದರೆ ಚೆನ್ನಾಗಿತ್ತು.

ಸಂಜೆ ಐದಕ್ಕೆ ಬಸಣ್ಣ ಬಂದ. ಟವೆಲಿನಲ್ಲಿ ಸ್ವಂತ ತಾಳ ಸುತ್ತಿ ತಂದಿದ್ದ. ಬದಲಿಗೆ ಬಂದವನ ಸಂಕೋಚದಲ್ಲಿ ನನ್ನ ಪಕ್ಕ ಕುಳಿತು, ಕಣ್ಣು ಮುಚ್ಚಿ ಶುರು ಮಾಡಿದ. ಹಾಡಿಗಿಂತ ಮುಂದೂ ಅಲ್ಲ, ಹಿಂದೂ ಅಲ್ಲ. ಬೇರೆ ಊರಿನ ಬೇರೆ ಹಾಡಿಗೆ ಬಾರಿಸುತ್ತಿದ್ದಂತಿತ್ತು. ಹುಸೇನಸಾಬರ ಕೈ ನಿಂತಿತು. ಮಾಸ್ತರರು ಹಾರ್ಮೋನಿಯಂ ಮುಚ್ಚಿ ನಮ್ಮಿಬ್ಬರ ಕಡೆ ತಿರುಗಿದರು. ಆಮೇಲೆ ನನಗೆ ಮೆಲ್ಲಗೆ ಹೇಳಿದರು: “ಇವ್ರಿಗಿಂತ ನೀವ ಪಾಡು ಬಿಡ್ರಿ.”

ಹನ್ನೊಂದು ವರ್ಷದಲ್ಲಿ ನನ್ನ ಕಲೆಗೆ ಸಿಕ್ಕ ಮೊದಲ ಮೆಚ್ಚುಗೆ ಅದು. ಬಸಣ್ಣನನ್ನು ಮನೆಗೆ ಕರೆದೊಯ್ದು ಊಟ ಹಾಕಿದೆ. ಮುಂದಿನ ಭಾನುವಾರ ಏನೇ ಆದರೂ ತಪ್ಪಿಸಬಾರದೆಂದು ಕೈ ಹಿಡಿದು ಬೇಡಿಕೊಂಡೆ.