ಹನ್ನೆರಡು ಗಂಟೆಯ ಮದ್ದು

ಮೊದಲೇ ಕ್ಷಮೆ ಕೇಳಿಬಿಡುತ್ತೇನೆ. ರಜೆ ಅರ್ಜಿ ಬಿಟ್ಟರೆ ನಾನು ಏನನ್ನೂ ಬರೆದವನಲ್ಲ. ಬೇಕಾದ್ದು ಬಿಟ್ಟುಹೋಗಬಹುದು, ಬೇಡದ್ದು ಎರಡು ಸಲ ಬರಬಹುದು. ಆದರೆ ಒಂದು ಬಿಲ್ಡಿಂಗು, ಅದರ ಬೆನ್ನಿಗೊಂದು ಕಲ್ಲುಗಣಿ, ನಡುವೆ ಒಂದು ಕೋರ್ಟು ಇದ್ದರೆ ಇಂಥವು ನಡೆಯುತ್ತಲೇ ಇರುತ್ತವೆ, ಯಾರಾದರೂ ಬರೆದಿಡಬೇಕಲ್ಲ.

ಮುಂಬಯಿಯ ಭಾಂಡುಪಿನಲ್ಲಿ ನಮ್ಮದು ಮೂರು ಮಹಡಿಯ ಬಿಲ್ಡಿಂಗು, ಸ್ವಾತಂತ್ರ್ಯ ಬಂದ ಮೇಲೆ ಕಟ್ಟಿದ್ದು. ಹಿಂದಿನ ಗುಡ್ಡದಲ್ಲಿ ದಿನಕ್ಕೊಮ್ಮೆ ಮದ್ದು ಸಿಡಿಸಿ ಕಲ್ಲು ತೆಗೆಯುತ್ತಾರೆ. ಹಾಗೆ ತೆಗೆಯುತ್ತಾ ತೆಗೆಯುತ್ತಾ ಗಣಿ ನಮ್ಮ ಕಡೆಗೇ ಬಂತು. ಎರಡನೇ ಮಹಡಿಯ ಧಾರವಾಡದ ಅಜ್ಜಿಯ ಮನೆಗೋಡೆ ಬಿರುಕು ಬಿಟ್ಟಿತು, ಅದೂ ಬಾಣಂತಿ ಮಗಳು ಕೂಸಿನ ತೊಟ್ಟಿಲು ಕಟ್ಟಿದ ಕಡೆಯೇ. ಗಣಿಯ ಪರ್ಮಿಟ್ಟಿನ ಪ್ರಕಾರ ಮಧ್ಯಾಹ್ನ ಹನ್ನೆರಡರಿಂದ ಒಂದರೊಳಗೆ ಮಾತ್ರ ಮದ್ದು ಹಾರಿಸಬೇಕು. ಇವರು ಮನಸ್ಸು ಬಂದಾಗ ಹಾರಿಸುತ್ತಾರೆ, ಪರ್ಮಿಟ್ ರದ್ದು ಮಾಡಿ ಎಂದು ನಾವು ದಾವೆ ಹಾಕಿದೆವು. ಇಷ್ಟು ತಿಳಿದಿದ್ದರೆ ಸಾಕು.

ಎರಡು ಸಹಿ

ಬಿಲ್ಡಿಂಗಿನ ಕೆಳಗೆ ಉಡುಪಿಯವರ ಹೋಟೆಲು. ನಮ್ಮ ಅರ್ಜಿಗೆ ಮೊದಲ ಸಹಿ ಹೋಟೆಲಿನ ಯಜಮಾನರದೇ. ವಾರ ಕಳೆದು ಗಣಿಯವರೂ ಒಂದು ಅರ್ಜಿ ತಂದರು, ಗಣಿಯಿಂದ ಬಹಳ ಜನರ ಹೊಟ್ಟೆ ತುಂಬುತ್ತಿದೆ ಎಂದು. ಅದಕ್ಕೂ ಮೊದಲ ಸಹಿ ಅವರದೇ.

ನಾನು ಹೋಗಿ ಕೇಳಿದೆ, "ಇದೇನು ಹೀಗೆ?"

"ಮಾರಾಯ್ರೆ, ಮದ್ದಿನಿಂದ ನಿಮಗೆ ತೊಂದರೆ ಉಂಟು, ಅದು ಸತ್ಯ. ಗಣಿಯವರೆಲ್ಲ ದಿನಾ ಇಲ್ಲೇ ಇಡ್ಲಿ ತಿಂತಾರೆ, ಅದೂ ಸತ್ಯ. ಸುಳ್ಳಿಗೆ ಮಾತ್ರ ನನ್ನ ಸಹಿ ಸಿಗ್ಲಿಕ್ಕಿಲ್ಲ."

ಅಜ್ಜಿಯ ಗೋಡೆ

ಬಿರುಕಿನ ಮೇಲೆ ಅಡ್ಡಲಾಗಿ ಕಾಗದದ ಪಟ್ಟಿ ಅಂಟಿಸಿ ಎಂದಿದ್ದರು ನಮ್ಮ ವಕೀಲರು. ಬಿರುಕು ಅಗಲವಾದರೆ ಕಾಗದ ಹರಿಯುತ್ತದೆ, ಅದೇ ಸಾಕ್ಷಿ. ಎರಡು ಪಟ್ಟಿ ಹರಿದವು. ನಮಗೆಲ್ಲ ಸಂತೋಷ. ಗೋಡೆ ಬಿರಿದಿದ್ದಕ್ಕಲ್ಲ, ಸಾಕ್ಷಿ ಸಿಕ್ಕಿದ್ದಕ್ಕೆ.

ಸರ್ಕಾರದ ಸಾಹೇಬರು ನೋಡಲು ಬಂದರು. ಒಳಗೆ ಹೋದರೆ ಗೋಡೆ ಬೆಳ್ಳಗೆ ಹೊಳೆಯುತ್ತಿದೆ. ಪಟ್ಟಿಯೂ ಇಲ್ಲ, ಬಿರುಕೂ ಇಲ್ಲ. ಹಸಿ ಸುಣ್ಣದ ವಾಸನೆ.

ವಕೀಲರು ಮೆಲ್ಲಗೆ, "ಅಜ್ಜಿ, ಬಿರುಕೆಲ್ಲಿ?" ಎಂದರು.

"ಮುಚ್ಚೇನ್ರಿ. ಸಾಹೇಬ್ರು ಮನಿಗೆ ಬರ್ತಾರಂದ್ರ ಗ್ವಾಡಿ ಹಂಗ ಬಿಡಾಕ ಬರ್ತೈತೇನು? ಹರಕು ಕಾಗದ ಬ್ಯಾರೆ ಅಂಟಿಸಿದ್ರಿ ನೀವು."

ಸಾಹೇಬರು ಅದೇ ಗೋಡೆಗೆ ಒರಗಿ ನಿಂತು, ಗೋಡೆ ಉತ್ತಮ ಸ್ಥಿತಿಯಲ್ಲಿದೆ ಎಂದು ಬರೆದುಕೊಂಡರು. ನಮ್ಮ ಸಾಕ್ಷಿಯೆಲ್ಲ ಅವರ ಕರಿ ಕೋಟಿನ ಬೆನ್ನಿಗೆ ಅಂಟಿಕೊಂಡು ಮೆಟ್ಟಿಲಿಳಿದು ಹೋಯಿತು.

ನನ್ನ ಸಾಕ್ಷಿ

ಇನ್ನು ಉಳಿದದ್ದು ನನ್ನ ನೋಟುಬುಕ್ಕು. ಬೈಕುಲ್ಲಾದ ಕಾರ್ಖಾನೆಯಲ್ಲಿ ನನಗೆ ಎರಡನೇ ಪಾಳಿ. ಹಗಲು ಮನೆಯಲ್ಲಿರುವ ಗಂಡಸು ನಾನೊಬ್ಬನೇ ಆದ್ದರಿಂದ ಮದ್ದು ಹಾರಿದ ಹೊತ್ತು ಬರೆದಿಡುವ ಕೆಲಸ ನನಗೆ ಬಂತು. ಸದ್ದಾದ ಕೂಡಲೇ ಗ್ಯಾಲರಿಗೆ ಓಡಿ ಹೊಗೆ ನೋಡುವುದು, ಒಳಗೆ ಬಂದು ಗೋಡೆ ಗಡಿಯಾರ ನೋಡಿ ಬರೆಯುವುದು. ಯಾವಾಗ ನೋಡಿದರೂ ಹನ್ನೆರಡೇ. ಅಕ್ಕಪಕ್ಕದವರು ಹನ್ನೊಂದು, ಎರಡು ಎನ್ನುತ್ತಿದ್ದರು. ನನಗೂ ವಿಚಿತ್ರವೆನಿಸಿತು. ಆದರೆ ಕಂಡದ್ದನ್ನು ಬರೆಯಬೇಕಲ್ಲ. ವಕೀಲರು ನೋಟುಬುಕ್ಕಿನ ದಪ್ಪ ನೋಡಿಯೇ ತೃಪ್ತರಾಗಿದ್ದರು.

ಕೋರ್ಟಿನಲ್ಲಿ ಎದುರು ವಕೀಲರು ಅದನ್ನು ಗಟ್ಟಿಯಾಗಿ ಓದಿದರು. "ಹನ್ನೆರಡು. ಹನ್ನೆರಡು. ಹನ್ನೆರಡು. ಸ್ವಾಮಿ, ಇಷ್ಟು ಶಿಸ್ತು ಲೋಕಲ್ ಗಾಡಿಗೂ ಇಲ್ಲ."

ನಮ್ಮ ವಕೀಲರು ಬೆವರೊರೆಸಿಕೊಂಡು, "ನಿಮ್ಮ ಗಡಿಯಾರ ಸರಿ ಇದೆಯೇ?" ಎಂದು ಕೇಳಿದರು.

"ಇದೆ. ನನ್ನ ಹೆಂಡತಿ ದಿನಾ ಸರಿ ಮಾಡುತ್ತಾಳೆ."

"ಯಾವುದನ್ನು ನೋಡಿ?"

ಅದು ನನಗೆ ಗೊತ್ತಿರಲಿಲ್ಲ. ಹಿಂದಿನ ಬೆಂಚಿನಲ್ಲಿದ್ದ ಅವಳನ್ನು ನೋಡಿದೆ. ನ್ಯಾಯಾಧೀಶರು ಅವಳನ್ನೇ ಕರೆಸಿದರು.

"ಮದ್ದು ಹಾರಿದ ತಕ್ಷಣ ಸ್ಟೂಲು ಹತ್ತಿ ಹನ್ನೆರಡಕ್ಕೆ ಇಡ್ತೀನಿ," ಎಂದಳು. ನಮ್ಮ ವಕೀಲರು ಅದನ್ನು ಇಂಗ್ಲಿಷಿಗೆ ತಿರುಗಿಸುತ್ತಿದ್ದಂತೆ ಅವರ ದನಿ ಸಣ್ಣದಾಗುತ್ತಾ ಹೋಯಿತು.

"ಹಾಗಾದರೆ ಯಾವಾಗ ಹಾರಿದರೂ ನಿಮ್ಮ ಮನೆಯಲ್ಲಿ ಹನ್ನೆರಡೇ?" ಎಂದರು ನ್ಯಾಯಾಧೀಶರು.

"ಹೌದು ಸ್ವಾಮಿ. ಅದೊಂದು ಅನುಕೂಲ."

ನಾನು ಪಾಳಿಗೆ ತಡವಾಗಿ ಹೋಗುತ್ತಿದ್ದುದು ಯಾಕೆಂದು ನನಗೆ ತಿಳಿದದ್ದು ಆವತ್ತೇ.

ಪರ್ಮಿಟ್ ರದ್ದಾಗಲಿಲ್ಲ. ಆದರೆ ಗಣಿ ನಮ್ಮ ಕಡೆಗೆ ಇನ್ನೊಂದು ಗಜವೂ ಬರಕೂಡದು, ಮದ್ದು ಸರಿಯಾಗಿ ಹನ್ನೆರಡಕ್ಕೇ ಹಾರಬೇಕು ಎಂದು ಅಪ್ಪಣೆಯಾಯಿತು. ಅಜ್ಜಿಯ ಮನೆಯಲ್ಲಿ ತೊಟ್ಟಿಲು ಮತ್ತೆ ಅದೇ ಗೋಡೆಯ ಪಕ್ಕಕ್ಕೆ ಬಂದಿದೆ. ನನ್ನವಳು ಗಡಿಯಾರಕ್ಕೆ ಈಗಲೂ ಸ್ಟೂಲು ಹತ್ತುತ್ತಾಳೆ. ಕೇಳಿದರೆ, "ಈಗ ಕೋರ್ಟಿನ ಅಪ್ಪಣೆಯೇ ಇದೆಯಲ್ಲ, ತಪ್ಪೋದು ಹೇಗೆ?" ಎನ್ನುತ್ತಾಳೆ. ಸರಿಯಾದ ಮಾತೇ.

ಆದರೂ ನಿನ್ನೆ ಕುತೂಹಲಕ್ಕೆ ಮದ್ದು ಹಾರಿಸುವ ಮೇಸ್ತ್ರಿ, ಗಣಿಯ ಮುಕಾದಮನನ್ನು ಕೇಳಿದೆ, ಹನ್ನೆರಡಾದದ್ದು ನಿನಗೆ ಹೇಗೆ ಗೊತ್ತಾಗುತ್ತದೆ ಎಂದು. ಹೋಟೆಲಿನ ಗಡಿಯಾರ ನೋಡುತ್ತಾನಂತೆ. ಹೋಟೆಲಿನ ಯಜಮಾನರನ್ನು ಕೇಳಿದೆ.

"ಅದು ನಿಂತು ನಿಂತು ಹೋಗ್ತದೆ ಮಾರಾಯ್ರೆ. ದಿನಾ ಬೆಳಿಗ್ಗೆ ನಿಮ್ಮ ಮನೆಯವರನ್ನೇ ಕೇಳಿ ಸರಿ ಮಾಡ್ತೇನೆ."

ಇದನ್ನು ಸ್ವಲ್ಪ ಬಿಡಿಸಿ ಹೇಳಬೇಕು. ಮುಕಾದಮ ನೋಡುವುದು ಹೋಟೆಲಿನ ಗಡಿಯಾರ. ಹೋಟೆಲಿನ ಗಡಿಯಾರ ನಡೆಯುವುದು ನಮ್ಮ ಮನೆಯ ಗಡಿಯಾರದಂತೆ. ನಮ್ಮ ಮನೆಯ ಗಡಿಯಾರವಾದರೋ, ಕೋರ್ಟಿನ ಅಪ್ಪಣೆಯಂತೆ ಮುಕಾದಮನು—

"ರೀ, ಸದ್ದಾಯ್ತು. ಬರೆದದ್ದು ಸಾಕು, ಬಂದು ಸ್ಟೂಲು ಹಿಡ್ಕೊಳ್ಳಿ."